ಬಟ್ಟೆ ಹಗ್ಗದ ಮೇಲೆ ಕ್ಲಿಯೋಪಾತ್ರಾ

ಎರಡು ವಾರದ ಹಿಂದೆ ಮಗಳು ಒಂದು ಪ್ರಶ್ನೆ ಕೇಳಿದಳು. "ಅಪ್ಪಾ, ಪಿರಮಿಡ್ ಕಟ್ಟೋವಾಗ ಕ್ಲಿಯೋಪಾತ್ರಾಗೆ ಎಷ್ಟು ವಯಸ್ಸು?"

ನಗು ಬಂತು, ತಡೆದುಕೊಂಡೆ. ಯಾಕೆಂದರೆ ತೀರಾ ಈಚಿನವರೆಗೂ ನನ್ನ ತಲೆಯಲ್ಲೂ ಅವರು ಅಕ್ಕಪಕ್ಕದ ಮನೆಯವರೇ. ಈಜಿಪ್ಟ್ ಅಂದರೆ ಮರಳು, ಒಂಟೆ, ಪಿರಮಿಡ್, ಕಣ್ಣಿಗೆ ದಪ್ಪಗೆ ಕಾಡಿಗೆ ಹಚ್ಚಿದ ರಾಣಿ. ಎಲ್ಲ ಒಂದೇ ಫೋಟೋದಲ್ಲಿ. ನಿಜ ಏನೆಂದರೆ ಕ್ಲಿಯೋಪಾತ್ರಾ ಹುಟ್ಟುವ ಹೊತ್ತಿಗೆ ಗೀಜಾದ ದೊಡ್ಡ ಪಿರಮಿಡ್‌ಗೆ ಹತ್ತಿರ ಹತ್ತಿರ ಎರಡೂವರೆ ಸಾವಿರ ವರ್ಷ ತುಂಬಿತ್ತು. ನಮಗೆ ಮಸ್ಕಿಯ ಅಶೋಕನ ಶಾಸನ ಎಷ್ಟು ಹಳೆಯದೋ, ಅವಳಿಗೆ ಪಿರಮಿಡ್ ಅದಕ್ಕಿಂತ ಹಳೆಯದು.

ಇದನ್ನು ಹೇಳಿದೆ. ಮಗಳು "ಓಹೋ" ಅಂದಳು. ಅರ್ಥ ಆಗಿಲ್ಲ ಅಂತ ಆ "ಓಹೋ"ದಲ್ಲೇ ಗೊತ್ತಾಯಿತು. ಸಾವಿರ ಅಂದರೂ ಎರಡು ಸಾವಿರ ಅಂದರೂ ಕಿವಿಗೆ ಒಂದೇ ಅಲ್ವಾ?

ಸರಿ, ಮಹಡಿಗೆ ಹೋದೆವು. ನೀರಿನ ಟ್ಯಾಂಕಿನ ಪೈಪಿನಿಂದ ಮೆಟ್ಟಿಲ ಕೋಣೆಯ ಮೊಳೆಯವರೆಗೆ ಬಟ್ಟೆ ಒಣಹಾಕುವ ಹಗ್ಗ ಇದೆ. ಮೂವತ್ತೈದು ಅಡಿ ಬರಬಹುದು. ನನ್ನ ಒಂದು ಗೇಣು ನೂರು ವರ್ಷ ಅಂತ ಲೆಕ್ಕ ಇಟ್ಟುಕೊಂಡೆವು. ಮೊಳೆಯ ಹತ್ತಿರ ಇವತ್ತು. ಅಲ್ಲಿಂದ ಗೇಣು ಹಾಕುತ್ತಾ ಹೋದೆ, ಅವಳು ಎಣಿಸುತ್ತಾ ಬಂದಳು. 46ನೇ ಗೇಣಿಗೆ ಟ್ಯಾಂಕು ಬಂತು. ಅಲ್ಲಿ ಒಂದು ಕೆಂಪು ಕ್ಲಿಪ್ಪು, ಅದು ಪಿರಮಿಡ್. ಕ್ಲಿಯೋಪಾತ್ರಾ ಸತ್ತದ್ದು ಕ್ರಿ.ಪೂ. 30ರಲ್ಲಿ. ಅವಳ ಕ್ಲಿಪ್ಪು ಬಿದ್ದದ್ದು ಹಗ್ಗದ ಮಧ್ಯ ದಾಟಿ, ಮೊಳೆಯ ಕಡೆಗೇ. ಚಂದ್ರನ ಮೇಲೆ ಮನುಷ್ಯ ಇಳಿದ 1969ರ ಕ್ಲಿಪ್ಪು ಮೊಳೆಯಿಂದ ಬರೀ ಅರ್ಧ ಗೇಣು. ಅಂದರೆ ಕ್ಲಿಯೋಪಾತ್ರಾ ಪಿರಮಿಡ್‌ಗಿಂತ ಚಂದ್ರಯಾನಕ್ಕೇ ಹತ್ತಿರದವಳು. ಐದು ಗೇಣಿನಷ್ಟು ಹತ್ತಿರ.

ಈಗ ಮಗಳು ಓಹೋ ಅನ್ನಲಿಲ್ಲ. ಹಗ್ಗದ ಕೆಳಗೆ ಆ ಕಡೆಯಿಂದ ಈ ಕಡೆಗೆ ಎರಡು ಸಲ ನಡೆದಳು.

ನನಗೆ ಅನ್ನಿಸುವುದು ಇಷ್ಟು. "ನಿಮಗೆ ಗೊತ್ತೇ?" ಅಂತ ಬರುವ ಸಂಗತಿಗಳಲ್ಲಿ ನಿಜಕ್ಕೂ ಬೆಚ್ಚಿಬೀಳಿಸುವಂಥವು ಹೆಚ್ಚಾಗಿ ಕಾಲದ ಲೆಕ್ಕಕ್ಕೆ ಸಂಬಂಧಪಟ್ಟವು. ನಮ್ಮ ತಲೆಯಲ್ಲಿ "ಹಿಂದಿನ ಕಾಲ" ಅಂತ ಒಂದೇ ಗೋಣಿಚೀಲ ಇದೆ. ಡೈನೋಸಾರ್, ಅಶೋಕ, ಕೃಷ್ಣದೇವರಾಯ, ನಮ್ಮ ಮುತ್ತಜ್ಜ, ಎಲ್ಲರನ್ನೂ ಅದರೊಳಗೆ ತುರುಕಿ ಬಾಯಿ ಕಟ್ಟಿಟ್ಟಿದ್ದೇವೆ. ಯಾರೋ ಬಂದು ಚೀಲ ಬಿಚ್ಚಿ ಇಬ್ಬರನ್ನು ಹೊರಗೆಳೆದು ನಿಲ್ಲಿಸಿದರೆ ಆಶ್ಚರ್ಯ ಆಗುತ್ತದೆ. ನಮ್ಮ ರಾಷ್ಟ್ರಗೀತೆಗೆ ಯುನೆಸ್ಕೋ ಮೊದಲ ಬಹುಮಾನ ಕೊಟ್ಟಿತು ಅನ್ನುವಂಥ ಸುಳ್ಳು ಫಾರ್ವರ್ಡ್‌ಗಳು ಯಾಕೆ ಬೇಕೋ ಕಾಣೆ. ನಿಜವೇ ಇಷ್ಟು ರುಚಿಯಾಗಿರುವಾಗ!

ಆ ದಿನ ಕ್ಲಿಪ್ಪು ಸಾಲದೆ ಅಡುಗೆಮನೆಯ ಡಬ್ಬಿಯಿಂದ ಇನ್ನಷ್ಟು ತಂದೆವು. ಉಣ್ಣೆಯ ಆನೆ ಅನ್ನಬಹುದಾದ ಮ್ಯಾಮತ್‌ಗಳು ಹಿಮಯುಗದಲ್ಲೇ ಮುಗಿದುಹೋದವು ಅಂದುಕೊಂಡಿದ್ದೆ. ಸೈಬೀರಿಯಾದ ಉತ್ತರಕ್ಕೆ ರ್‍ಯಾಂಗಲ್ ಅಂತ ಒಂದು ದ್ವೀಪ. ಅಲ್ಲಿ ಸುಮಾರು 4,000 ವರ್ಷದ ಹಿಂದಿನವರೆಗೂ ಅವು ಬದುಕಿದ್ದವು. ಅವುಗಳ ಕ್ಲಿಪ್ಪು ಪಿರಮಿಡ್‌ನಿಂದ ಐದಾರು ಗೇಣು ಈಚೆಗೆ! ಹಲ್ಮಿಡಿ ಶಾಸನ ಹದಿನಾರನೇ ಗೇಣಿನ ಹತ್ತಿರ. ಆಕ್ಸ್‌ಫರ್ಡ್‌ನಲ್ಲಿ ಪಾಠ ಶುರುವಾಗಿದ್ದು 1096ರ ಹೊತ್ತಿಗೆ, ಅಂದರೆ ಅದಕ್ಕಿಂತ ಆರು ಗೇಣು ಈಚೆ. ಆದರೆ ಹಂಪೆಯಲ್ಲಿ ವಿಜಯನಗರ ಹುಟ್ಟುವಾಗ (1336) ಆಕ್ಸ್‌ಫರ್ಡ್ ಆಗಲೇ ಹಳೇ ಕಾಲೇಜು. ಅದ್ಯಾಕೋ ಈ ಕೊನೆಯದು ನನಗೆ ಇನ್ನೂ ಅರಗಿಲ್ಲ.

ಅಷ್ಟರಲ್ಲಿ ಅಮ್ಮ ಬಟ್ಟೆ ತೆಗೆಯಲು ಮೇಲೆ ಬಂದಳು. "ಕ್ಲಿಪ್ಪೆಲ್ಲ ಯಾಕೆ ಹೀಗೆ ಹಾಕಿದ್ದೀರೋ?" ಅಂದಳು. ಹೇಳಿದೆವು. "ಮೆಣಸಿನಕಾಯಿ ಎಲ್ಲಿ ಬರುತ್ತೆ?" ಅಂತ ಕೇಳಿದಳು.

ನಾನು ತಡವರಿಸಿದೆ. ಕೆಳಗೆ ಬಂದು ಒಂದಿಷ್ಟು ಓದಿದೆ. ಮೆಣಸಿನಕಾಯಿ, ಟೊಮ್ಯಾಟೊ, ಆಲೂಗಡ್ಡೆ, ಸೀಬೆ, ಪರಂಗಿ, ಗೋಡಂಬಿ, ಎಲ್ಲವೂ ಅಮೆರಿಕ ಖಂಡದವು. ಪೋರ್ಚುಗೀಸರು ಕಲ್ಲಿಕೋಟೆಗೆ ಬಂದಿದ್ದು 1498ರಲ್ಲಿ, ಗೋವಾ ಹಿಡಿದಿದ್ದು 1510ರಲ್ಲಿ. ಅವರ ಹಡಗಿನ ದಾರಿಯಲ್ಲೇ ಇವುಗಳಲ್ಲಿ ಬಹಳಷ್ಟು ಬಂದವು. ಅಂದರೆ ಐದು ಗೇಣಿನಿಂದ ಈಚೆಗೆ. ಬಸವಣ್ಣನವರ ಕಾಲದ ದಾಸೋಹದಲ್ಲಿ ಒಂದು ಹಸಿಮೆಣಸಿನಕಾಯಿ ಇರಲಿಲ್ಲ. ಅಕ್ಕಮಹಾದೇವಿ ಟೊಮ್ಯಾಟೊ ಕಂಡವಳಲ್ಲ. 12ನೇ ಶತಮಾನದಲ್ಲಿ ಕಲ್ಯಾಣದ ಚಾಲುಕ್ಯ ದೊರೆ ಮೂರನೇ ಸೋಮೇಶ್ವರನ ಮಾನಸೋಲ್ಲಾಸದಲ್ಲಿ ಇಡ್ಲಿಯ ಅಜ್ಜನಂಥ ತಿಂಡಿಯ ಮಾತಿದೆ, ಹೆಸರು ಇಡ್ಡರಿಕ. ಉದ್ದಿನದ್ದು, ಅಕ್ಕಿ ಇಲ್ಲ. ಖಾರಕ್ಕೆ ಮೆಣಸು. (ಸೋಮನಾಥಪುರದ ಶಿಲ್ಪಗಳ ಕೈಯಲ್ಲಿರುವುದು ಅಮೆರಿಕದ ಮೆಕ್ಕೆಜೋಳ ಅಂತ ವಾದಿಸಿದವರೂ ಇದ್ದಾರೆ. ಹೆಚ್ಚಿನ ವಿದ್ವಾಂಸರು ಒಪ್ಪಿಲ್ಲ. ನಾನೂ ಹೋಗಿ ನೋಡಿದ್ದೇನೆ. ಜೋಳದ ತೆನೆ ಅಂತ ಹೇಳಿಬಿಟ್ಟರೆ ಆಮೇಲೆ ಅದು ಜೋಳದ ತೆನೆಯಾಗಿಯೇ ಕಾಣುತ್ತದೆ, ಅದೇ ಕಷ್ಟ.)

ನಮ್ಮ ಮಾತಲ್ಲೇ ಇದರ ಗುರುತು ಉಳಿದಿದೆ. ಮೊದಲು ಇದ್ದದ್ದು ಮೆಣಸು ಒಂದೇ. ಅದರಂತೆ ಖಾರ ಇರುವ ಕಾಯಿ ಬಂತು, ಮೆಣಸಿನಕಾಯಿ ಆಯಿತು. ಆಮೇಲೆ ಹೊಸಬನ ಹಾವಳಿ ಎಷ್ಟಾಯಿತೆಂದರೆ ಮನೆಯ ಹಳೇ ಮೆಣಸೇ "ಕರಿಮೆಣಸು", "ಒಳ್ಳೆಮೆಣಸು" ಅಂತ ಹೆಸರಿಗೆ ಬಾಲ ಹಚ್ಚಿಕೊಳ್ಳಬೇಕಾಯಿತು. ಹೊರಗಿಂದ ಬಂದ ಇನ್ನು ಕೆಲವಕ್ಕೆ "ಸೀಮೆ" ಅಂಟಿಸಿದೆವು. ಸೀಮೆಎಣ್ಣೆ, ಸೀಮೆಸುಣ್ಣ, ಸೀಮೆಬದನೆಕಾಯಿ. ಈ ಸೀಮೆಬದನೆ ಮೆಕ್ಸಿಕೋ ಕಡೆಯದು. ತಮಿಳರು ಅದನ್ನು "ಬೆಂಗಳೂರು ಕತ್ತರಿಕ್ಕಾಯ್" ಅಂತ ಕರೆದು ನಮ್ಮ ತಲೆಗೆ ಕಟ್ಟಿದ್ದಾರೆ.

ಇದನ್ನೆಲ್ಲ ಅಮ್ಮನಿಗೆ ಹೇಳಿದರೆ ಅವಳಿಗೆ ಏನೂ ಆಶ್ಚರ್ಯ ಆಗಲಿಲ್ಲ. "ಅದಕ್ಕೇ ಅಲ್ವೇನೋ ತಿಥಿ ಅಡುಗೆಗೆ ಇವು ಯಾವುದೂ ಬರಲ್ಲ" ಅಂದಳು.

ನಾನು ಹಾಗೇ ಕೂತುಬಿಟ್ಟೆ. ನಮ್ಮ ಮನೆಯಲ್ಲಿ ತಿಥಿ ದಿನ ಮೆಣಸಿನಕಾಯಿ ಇಲ್ಲ, ಟೊಮ್ಯಾಟೊ ಇಲ್ಲ, ಆಲೂಗಡ್ಡೆ ಇಲ್ಲ. ಮೆಣಸು ಜೀರಿಗೆಯ ಸಾರು. ಹಾಗಲಕಾಯಿ, ಬಾಳೆಕಾಯಿ, ಸುವರ್ಣಗಡ್ಡೆ. ಚಿಕ್ಕವನಾಗಿದ್ದಾಗ ಇದು ಸುಮ್ನೆ ಮಡಿಯವರ ಕಟ್ಟಳೆ ಅಂತ ಗೊಣಗಿದ್ದೇನೆ. ಕಾರಣ ಯಾರು ಏನೇ ಕೊಡಲಿ, ಆ ಎಲೆಯ ಮೇಲೆ ಕೂತಿರುವುದು ಹೆಚ್ಚುಕಡಿಮೆ ಐದು ಗೇಣಿನಾಚೆಯ ಊಟ. ಪಿತೃಗಳಿಗೆ ಅವರು ತಿಂದಿದ್ದನ್ನೇ ಬಡಿಸುತ್ತಿದ್ದೇವೆ. ವರ್ಷಕ್ಕೊಮ್ಮೆ ನಮ್ಮ ಅಡುಗೆಮನೆಗೆ ಕೊಲಂಬಸ್ ಇನ್ನೂ ಹಡಗು ಹತ್ತಿರುವುದಿಲ್ಲ!

ಇದು ದೂರದ್ದು ದೂರದಲ್ಲೇ ಇರುವ ಕಥೆ. ಉಲ್ಟಾ ಕೂಡ ಇದೆ, ದೂರ ಅಂದುಕೊಂಡದ್ದು ಪಕ್ಕದಲ್ಲೇ ಇರುವುದು. ಜಾನ್ ಟೈಲರ್ ಅಂತ ಅಮೆರಿಕದ ಹತ್ತನೇ ಅಧ್ಯಕ್ಷ. ಹುಟ್ಟಿದ್ದು 1790ರಲ್ಲಿ, ಟಿಪ್ಪುವಿಗೂ ಇಂಗ್ಲಿಷರಿಗೂ ಮೂರನೇ ಯುದ್ಧ ಶುರುವಾದ ವರ್ಷ. ಅವನ ಒಬ್ಬ ಮೊಮ್ಮಗ ತೀರಿಕೊಂಡದ್ದು ಯಾವಾಗ ಗೊತ್ತಾ? 2025ರ ಮೇ ತಿಂಗಳಲ್ಲಿ. ಮರಿಮಗ ಅಲ್ಲ, ಮಗನ ಮಗ. ಲೆಕ್ಕ ಸರಿಯಾಗಿದೆ. ಟೈಲರನಿಗೆ 63 ವರ್ಷ ಆದಾಗ ಒಬ್ಬ ಮಗ ಹುಟ್ಟಿದ, 1853ರಲ್ಲಿ. ಆ ಮಗನಿಗೆ 75 ಆದಾಗ ಈ ಮೊಮ್ಮಗ, 1928ರಲ್ಲಿ. ಮೂರೇ ತಲೆಮಾರು, ಎರಡು ಗೇಣು ದಾಟಿತು.

ಅದೇ ದೇಶದ ಇನ್ನೊಂದು ಕಥೆ ಪಿಂಚಣಿದಾರರಿಗೆ ಇಷ್ಟ ಆಗಬಹುದು. ಅಲ್ಲಿನ ಅಂತರ್ಯುದ್ಧ ಮುಗಿದಿದ್ದು 1865ರಲ್ಲಿ. ಆ ಯುದ್ಧದ ಪಿಂಚಣಿಯನ್ನು ಸರ್ಕಾರ 2020ರವರೆಗೂ ಕೊಟ್ಟಿತು. ತಿಂಗಳಿಗೆ 73 ಡಾಲರ್ 13 ಸೆಂಟ್, ಒಬ್ಬ ಸೈನಿಕನ ಮಗಳಿಗೆ. ಅವಳು ಹುಟ್ಟುವಾಗ ಅಪ್ಪನಿಗೆ ಎಂಬತ್ತು ದಾಟಿತ್ತು.

ಇಷ್ಟು ದೂರ ಯಾಕೆ, ನಮ್ಮ ವಿಶ್ವೇಶ್ವರಯ್ಯನವರನ್ನೇ ನೋಡಿ. ಅವರು ಹುಟ್ಟಿದಾಗ ಜಗತ್ತಿನಲ್ಲಿ ಬೆಲ್ಲನ ಟೆಲಿಫೋನೂ ಇರಲಿಲ್ಲ, ಎಡಿಸನ್‌ನ ಬಲ್ಬೂ ಇರಲಿಲ್ಲ. 1961ರಲ್ಲಿ ಗಗಾರಿನ್ ಭೂಮಿ ಸುತ್ತಿ ಬಂದಾಗ ಅವರಿನ್ನೂ ಬದುಕಿದ್ದರು. ಇನ್ನು 1977. ರಾಜಕುಮಾರ್ ಅವರ ಸನಾದಿ ಅಪ್ಪಣ್ಣ ಬಂದ ವರ್ಷ, ಬಿಸ್ಮಿಲ್ಲಾ ಖಾನರ ಶಹನಾಯಿಗೆ ಊರೆಲ್ಲ ತಲೆದೂಗಿತು. ಅದೇ ವರ್ಷ ಸೆಪ್ಟೆಂಬರ್ 10ರಂದು ಫ್ರಾನ್ಸಿನಲ್ಲಿ ಒಬ್ಬನ ತಲೆಯನ್ನು ಗಿಲೊಟಿನ್‌ನಲ್ಲಿ ಕತ್ತರಿಸಿದರು. ಅದೇ ಕೊನೆ. ನಾನು ಗಿಲೊಟಿನ್ ಅಂದರೆ ಕುದುರೆಗಾಡಿ, ಬಿಳಿ ಟೋಪನ್ನು ಹಾಕಿದ ದೊರೆಗಳ ಕಾಲದ್ದು ಅಂದುಕೊಂಡಿದ್ದೆ.

ಡೈನೋಸಾರ್‌ಗಳನ್ನು ಹಗ್ಗದ ಮೇಲೆ ಹಾಕೋಣ ಅಂತ ಮಗಳು ಹಟ ಹಿಡಿದಳು. ಅದಕ್ಕೆ ಮಹಡಿ ಸಾಲದು. ಕ್ಯಾಲ್ಕುಲೇಟರ್ ಹಿಡಿದು ಕೂತೆವು. ಅದೇ ಗೇಣಿನ ಲೆಕ್ಕದಲ್ಲಿ ಡೈನೋಸಾರ್‌ಗಳು ಅಳಿದ 6.6 ಕೋಟಿ ವರ್ಷ ಅಂದರೆ ಸುಮಾರು 150 ಕಿಲೋಮೀಟರ್. ಹಗ್ಗ ಬೆಂಗಳೂರಿನ ನಮ್ಮ ಮೊಳೆಯಿಂದ ಹೊರಟು ಮೈಸೂರು ಮುಟ್ಟುತ್ತದೆ. ಸಿನಿಮಾದಲ್ಲಿ ಗರ್ಜಿಸುವ ಟಿರೆಕ್ಸ್ ಅಲ್ಲೇ. ಬೆನ್ನ ಮೇಲೆ ಹಲಗೆ ಸಾಲು ಇರುವ ಸ್ಟೆಗೊಸಾರಸ್ ಬದುಕಿದ್ದು ಸುಮಾರು 15 ಕೋಟಿ ವರ್ಷದ ಹಿಂದೆ, ಅದು ಮಂಗಳೂರಿನಷ್ಟು ದೂರ. ಮಕ್ಕಳ ಪುಸ್ತಕದಲ್ಲಿ ಇವೆರಡೂ ಕಿತ್ತಾಡುತ್ತವೆ! ಟಿರೆಕ್ಸ್‌ಗೆ ಸ್ಟೆಗೊಸಾರಸ್‌ಗಿಂತ ನಾವೇ ಹತ್ತಿರ. ಮೊದಲ ಮರಗಳು ಪುಣೆ ದಾಟಿದ ಮೇಲೆ ಸಿಗುತ್ತವೆ. ಶಾರ್ಕ್‌ಗಳು ಇನ್ನೂ ಆಚೆ, ಮುಂಬೈ ಕಡೆಗೆ. ಹೌದು, ಶಾರ್ಕ್ ಮರಕ್ಕಿಂತ ಹಳೆಯದು.

"ಲಾಲ್‌ಬಾಗ್ ಬಂಡೆ?" ಅಂದಳು. ಸುಮಾರು 300 ಕೋಟಿ ವರ್ಷ. ಹಗ್ಗ ಯುರೋಪಿನವರೆಗೆ ಎಳೆಯಬೇಕು.

ಮೊನ್ನೆ ಭಾನುವಾರ ಅಲ್ಲಿಗೇ ಹೋದೆವು. ಬಂಡೆ ಮೇಲೆ ಕೆಂಪೇಗೌಡರ ಗೋಪುರದ ಹತ್ತಿರ ಕೂತು ಒಂದು ಪೊಟ್ಟಣ ಹುರಿದ ಕಡಲೆಕಾಯಿ ಬಿಚ್ಚಿದೆವು. ಸಿಪ್ಪೆಯನ್ನು ನನ್ನ ಜೇಬಿಗೆ ತುಂಬುತ್ತಾ ಮಗಳು ಕೇಳಿದಳು, "ಅಪ್ಪಾ, ಕಡಲೆಕಾಯಿ ಯಾವ ಕ್ಲಿಪ್ಪು?"

"ಅದೂ ದಕ್ಷಿಣ ಅಮೆರಿಕದ್ದೇ. ಮೆಣಸಿನಕಾಯಿ ಪಕ್ಕ ಹಾಕು."

ಒಂದು ನಿಮಿಷ ಗೋಪುರವನ್ನೇ ನೋಡಿದಳು. "ಕೆಂಪೇಗೌಡರು?"

"ಅವರೂ ಐದನೇ ಗೇಣಿನ ಹತ್ತಿರವೇ."

"ಹಾಗಾದ್ರೆ ಅವರ ಕಾಲದಲ್ಲಿ ಕಡಲೆಕಾಯಿ ಪರಿಷೆ ಹೇಗೆ ಮಾಡ್ತಿದ್ರು?"

ನಾನು ಎದ್ದು ಹೋಗಿ ಇನ್ನೊಂದು ಪೊಟ್ಟಣ ತಂದುಕೊಟ್ಟೆ.