ಕಾಂಗ್ರೆಸ್ ಕಸ ಹೋಯಿತು, ಹುಲ್ಲು ಬರಲಿಲ್ಲ
ಕ್ಯಾಸಿಯಾ ಎಂಬ ಗಿಡದ ಬೀಜ ಎರಚಿದರೆ ಸಾಕು, ಪಾರ್ಥೇನಿಯಂ, ಅಂದರೆ ಕಾಂಗ್ರೆಸ್ ಕಸ, ತಾನಾಗಿಯೇ ಹಿಮ್ಮೆಟ್ಟುತ್ತದೆ ಎಂದು ಈ ಕಸದ ನಿಯಂತ್ರಣದ ಕುರಿತ ಲೇಖನವೊಂದರಲ್ಲಿ ಲೇಖಕರು ಬರೆದಿದ್ದಾರೆ. ಹಿಮ್ಮೆಟ್ಟುವುದು ನಿಜ, ಧಾರವಾಡದ ಪೂರ್ವಕ್ಕಿರುವ ನಮ್ಮ ಹೊಲದ ಬದುವಿನಲ್ಲಿ ನಾನೇ ಕಂಡಿದ್ದೇನೆ. ಆದರೆ ಅದರ ಜಾಗಕ್ಕೆ ಬಂದದ್ದೇನು ಎಂದು ಲೇಖನ ಕೇಳಿಯೇ ಇಲ್ಲ. ಈ ಕ್ಯಾಸಿಯಾ (ಕ್ಯಾಸಿಯಾ ಯೂನಿಫ್ಲೋರಾ) ಕೂಡ ಪಾರ್ಥೇನಿಯಂನಂತೆ ಅಮೆರಿಕದ ಉಷ್ಣವಲಯದಿಂದ ಬಂದ ಗಿಡ. ಮಳೆ ಬಿದ್ದ ಕೂಡಲೇ ಒತ್ತೊತ್ತಾಗಿ ಮೊಳೆತು, ನೆಲಕ್ಕೆ ಬಿಸಿಲನ್ನೇ ಬಿಡುವುದಿಲ್ಲ. ಕಳೆದ ಶ್ರಾವಣದಲ್ಲಿ ಒಂದು ಮಾರಿನಷ್ಟು ಜಾಗದಲ್ಲಿ ಅದನ್ನು ಸರಿಸಿ ನೋಡಿದೆ: ಬಿಳಿಚಿಕೊಂಡ ನಾಲ್ಕು ಕರಿಕೆ ಎಳೆ, ಸೊರಗಿದ ಒಂದು ತುಂಬೆ, ಉಳಿದದ್ದೆಲ್ಲ ಬರಿಯ ಎರೆಮಣ್ಣು. ನಮ್ಮ ಎಮ್ಮೆ ಆ ಗಿಡವನ್ನು ಮೂಸಿ ಮುಂದೆ ಹೋಗುತ್ತದೆ.

ಪಾರ್ಥೇನಿಯಂನಿಂದ ಬರುವ ತುರಿಕೆ, ಉಬ್ಬಸ ಕಡಿಮೆಯಾಗುವುದು ದೊಡ್ಡ ಲಾಭವೇ, ಅದನ್ನು ಅಲ್ಲಗಳೆಯುವುದಿಲ್ಲ. ಆದರೆ ಪಾರ್ಥೇನಿಯಂ ತಿನ್ನುವ ಮೆಕ್ಸಿಕನ್ ದುಂಬಿಯನ್ನು 1984ರಲ್ಲಿ ಬೆಂಗಳೂರಿನಲ್ಲಿ ಬಿಡುವ ಮುನ್ನ, ಅದು ಬೇರೆ ಬೆಳೆಗೆ ಬಾಯಿ ಹಾಕುತ್ತದೆಯೇ ಎಂದು ಪರೀಕ್ಷಿಸಿದ್ದರು. ಗಿಡಕ್ಕೆ ಆ ಎಚ್ಚರ ಬೇಡವೇ? ದಯವಿಟ್ಟು ಗೋಮಾಳಗಳಿಗೆ ಕ್ಯಾಸಿಯಾ ಎರಚಲು ಹೇಳಬೇಡಿ. ಪಾರ್ಥೇನಿಯಂ ಹೂ ಬಿಡುವ ಮುನ್ನವೇ ಬೇರುಸಹಿತ ಕಿತ್ತು, ಆ ಜಾಗಕ್ಕೆ ಈ ಮಣ್ಣಿನದೇ ಹುಲ್ಲಿನ ಬೀಜ ಹಾಕಲಿ. ಕೆಲಸ ಹೆಚ್ಚು, ಆದರೆ ದನಗಳಿಗೆ ಮೇವು ಉಳಿಯುತ್ತದೆ.