ಲಾರ್ಕಿನ್‌ಗೆ ಯುರೋಪ್ ಸುಲಭವಾಗಿರಲಿಲ್ಲ

ಬಾಸ್ಕೆಟ್‌ಬಾಲ್ ಆಟಗಾರ ಶೇನ್ ಲಾರ್ಕಿನ್ ಬಗ್ಗೆ ನಿಮ್ಮ ಲೇಖನ ಚೆನ್ನಾಗಿದೆ, ಆದರೆ ಅದರಲ್ಲಿನ 'ಎನ್‌ಬಿಎಯಲ್ಲಿ (ಅಮೆರಿಕದ ಲೀಗ್) ನೆಲೆ ಸಿಗದವರಿಗೆ ಯುರೋಪ್‌ನಲ್ಲಿ ಅಂಕ ಗಳಿಸೋದು ಸುಲಭ' ಅನ್ನೋ ಮಾತು ಒಪ್ಪಲಾಗದು. ಅಲ್ಲಿ ಪಂದ್ಯ ಎನ್‌ಬಿಎಯಂತೆ 48 ಅಲ್ಲ, 40 ನಿಮಿಷ, ಅಂಕ ಗಳಿಸಲು ಸಮಯವೇ ಕಡಿಮೆ. 2019ರ ನವೆಂಬರ್‌ನಲ್ಲಿ ಬಯರ್ನ್ ಮ್ಯೂನಿಕ್ ವಿರುದ್ಧ ಲಾರ್ಕಿನ್ ಗಳಿಸಿದ 49 ಅಂಕ ಆಗಿನ ಯುರೋಲೀಗ್ (ಯುರೋಪ್‌ನ ಉನ್ನತ ಕ್ಲಬ್ ಲೀಗ್) ದಾಖಲೆ.

ಮುಖ್ಯ ತೊಡಕು ಇನ್ನೊಂದಿದೆ. ಎನ್‌ಬಿಎಯಲ್ಲಿ ಡಿಫೆಂಡರ್ ಎದುರಾಳಿ ಯಾರನ್ನೂ ಕಾಯದೆ ಪೇಂಟ್‌ನಲ್ಲಿ (ಬುಟ್ಟಿಯ ಮುಂದಿನ ಬಣ್ಣದ ಜಾಗ) 3 ಸೆಕೆಂಡಿಗಿಂತ ಹೆಚ್ಚು ನಿಲ್ಲುವಂತಿಲ್ಲ. ಯುರೋಪ್‌ನಲ್ಲಿ ನಡೆಯುವ ಫೀಬಾ (ಅಂತರರಾಷ್ಟ್ರೀಯ ಬಾಸ್ಕೆಟ್‌ಬಾಲ್ ಒಕ್ಕೂಟ) ನಿಯಮದಲ್ಲಿ ಆ ನಿರ್ಬಂಧವೇ ಇಲ್ಲ, ಸೆಂಟರ್ (ತಂಡದ ಎತ್ತರದ ಆಟಗಾರ) ಬುಟ್ಟಿಯ ಕೆಳಗೇ ಬೀಡುಬಿಡಬಹುದು. ಲಾರ್ಕಿನ್‌ನಂಥ ಆರಡಿಯೂ ಇಲ್ಲದ ಗಾರ್ಡ್ (ಚೆಂಡು ನಡೆಸುವ ಆಟಗಾರ) ಸ್ಕ್ರೀನ್ (ಜೊತೆಗಾರ ಅಡ್ಡ ನಿಂತು ಮಾಡಿಕೊಡುವ ತಡೆ) ದಾಟಿ ಒಳನುಗ್ಗಿದರೆ ಎದುರಿಗೆ ಗೋಡೆ! ಹಾಗಾಗಿ ಡ್ರಿಬಲ್‌ನಿಂದಲೇ ಎತ್ತಿ ಹೊಡೆಯುವ ತ್ರೀ, ಅಂದರೆ ದೂರದ ಮೂರಂಕದ ಹೊಡೆತ, ಬೇಕೇ ಬೇಕು (ಅದರ ಗೆರೆ 6.75 ಮೀಟರ್, ಎನ್‌ಬಿಎಗಿಂತ ಸುಮಾರು ಅರ್ಧ ಮೀಟರ್ ಹತ್ತಿರ, ಅಷ್ಟು ಅನುಕೂಲ ನಿಜ). ಅದು ಬೀಳತೊಡಗಿದರೆ ಎದುರಾಳಿ ಸೆಂಟರ್ ಬುಟ್ಟಿ ಬಿಟ್ಟು ಹೊರಗೆ ಬರಲೇಬೇಕು, ಆಗ ಪಾಸ್‌ಗೆ ದಾರಿ.

ಲೇಖನದಲ್ಲಿ ಲಾರ್ಕಿನ್‌ನ ತಂಡದ ಜೊತೆಗಾರ ಮಿಸಿಚ್ ಹೆಸರೇ ಇಲ್ಲದ್ದು ಅನ್ಯಾಯ. 2021, 2022 ಎರಡೂ ಫೈನಲ್ ಫೋರ್‌ಗಳಲ್ಲಿ (ಯುರೋಲೀಗ್‌ನ ಕೊನೆಯ ನಾಲ್ಕು ತಂಡಗಳ ಹಂತ) ಎಂವಿಪಿ, ಅಂದರೆ ಅತ್ಯುತ್ತಮ ಆಟಗಾರ, ಅವರೇ. ಲಾರ್ಕಿನ್ ಮೇಲೆ ಇಬ್ಬರು ಮುಗಿಬಿದ್ದಾಗ ಚೆಂಡು ಹೋಗುತ್ತಿದ್ದದ್ದು ಅವರ ಕೈಗೆ.