ಹಳೇ ಪುಸ್ತಕ ತೂಕಕ್ಕೆ ಹಾಕು ಅಂದ ಹುಡುಗನಿಗೆ

ಹೋದ ತಿಂಗಳು ಮನೆ ಬದಲಾಯಿಸಿದೆವು. ಡಬ್ಬಗಳನ್ನು ಎತ್ತಿ ಇಳಿಸಲು ಅಕ್ಕನ ಮಗ ಬಂದಿದ್ದ. ಪಿಯುಸಿ ಹುಡುಗ, ಅನಿಮೆ (ಜಪಾನಿನ ಕಾರ್ಟೂನ್ ಧಾರಾವಾಹಿ, ಸಿನಿಮಾ) ಅಂದರೆ ಊಟ ನಿದ್ದೆ ಬಿಡುವವನು. ಒಂದು ಡಬ್ಬ ಎತ್ತಲು ಹೋಗಿ ಕೆಳಗಿಟ್ಟು, "ಏನ್ ಮಾಮ, ಇಟ್ಟಿಗೆ ತುಂಬಿದ್ದೀಯಾ?" ಅಂದ. ಬಿಚ್ಚಿ ತೋರಿಸಿದೆ. ‘ಅನಿಮೆ ಎನ್‌ಸೈಕ್ಲೋಪೀಡಿಯಾ’. 2001ರ ಮುದ್ರಣ ಒಂದು, 2015ರದು ಇನ್ನೊಂದು. ಹೊಸದಂತೂ ಸಾವಿರ ಪುಟ ದಾಟಿದೆ. ಎರಡು ನಿಮಿಷ ತಿರುವಿ ಹಾಕಿದ. ಆಮೇಲೆ, "ಇದೆಲ್ಲಾ ಫೋನಲ್ಲೇ ಇದೆಯಲ್ಲ ಮಾಮ, ಹಳೇದನ್ನಾದರೂ ತೂಕಕ್ಕೆ ಹಾಕು" ಅಂದ.

ಲಾರಿಯವರು ಕಾಯುತ್ತಿದ್ದರು, ಅವತ್ತು ಉತ್ತರ ಕೊಡಲು ಆಗಲಿಲ್ಲ. ಈಗ ಕೂತು ಬರೆಯುತ್ತಿದ್ದೇನೆ. ಅವನೂ ಈ ಗುಂಪಿನಲ್ಲೇ ಇದ್ದಾನೆ, ಓದಲಿ.

ಮೊದಲು ಒಂದು ಹೆಸರಿನ ವಿಷಯ ಹೇಳುತ್ತೇನೆ. ಹಾಜಿಮೆ ಯತಾತೆ. 1979ರ ‘ಗಂಡಮ್’ ಧಾರಾವಾಹಿ ನೋಡಿ, ಶುರುವಿನಲ್ಲಿ ಬರುವ ಹೆಸರುಗಳಲ್ಲಿ ಇವರಿದ್ದಾರೆ. 1998ರ ‘ಕೌಬಾಯ್ ಬಿಬಾಪ್’ನಲ್ಲೂ ಇದ್ದಾರೆ. ಶಾಲೆಯ ಹುಡುಗಿಯರು ಸೇರಿ ಹಾಡುವ ‘ಲವ್ ಲೈವ್’ನಲ್ಲೂ ಇವರ ಹೆಸರಿದೆ. ಯುದ್ಧದ ರೋಬೋ, ಬಾಹ್ಯಾಕಾಶದ ಬೇಟೆಗಾರರು, ಹಾಡುವ ಹುಡುಗಿಯರು, ಇಷ್ಟನ್ನೂ ಯೋಚಿಸಿದ ಒಬ್ಬನೇ ಮನುಷ್ಯ ಎಂಥ ದೊಡ್ಡವನಿರಬೇಕು ಅಂತ ನಾನು ಎಷ್ಟೋ ವರ್ಷ ನಂಬಿಕೊಂಡಿದ್ದೆ. ಅಂಥ ಮನುಷ್ಯನೇ ಇಲ್ಲ. ಅದು ಸನ್‌ರೈಸ್ ಸ್ಟುಡಿಯೋದವರು ಎಲ್ಲರ ಪರವಾಗಿ ಇಟ್ಟುಕೊಂಡ ಒಂದು ಹೆಸರು. ತೋಯೆ ಸ್ಟುಡಿಯೋದವರು ಹಾಗೇ ಇಜುಮಿ ತೋದೋ ಅಂತ ಇಟ್ಟುಕೊಂಡಿದ್ದಾರೆ. ನನಗೆ ಇದು ಗೊತ್ತಾಗಿದ್ದು ಇಂಥ ಪುಸ್ತಕಗಳಿಂದ, ಅದೂ ಬೇರೆ ಏನೋ ಹುಡುಕುತ್ತಿದ್ದಾಗ.

ಫೋನಿನಲ್ಲೂ ಇದು ಸಿಗುತ್ತದೆ, ಇಲ್ಲ ಅನ್ನುವುದಿಲ್ಲ. ಆದರೆ ಹುಡುಕಬೇಕು ಅನ್ನೋ ಅನುಮಾನ ಮೊದಲು ಬರಬೇಕಲ್ವಾ? ಕೇಳಿದ್ದಕ್ಕೆ ಫೋನು ಉತ್ತರ ಕೊಡುತ್ತದೆ. ಏನು ಕೇಳಬೇಕು ಅನ್ನೋದನ್ನು ನನಗೆ ಕಲಿಸಿದ್ದು ಈ ಪುಸ್ತಕಗಳು. ಒಂದು ಹೆಸರು ಹುಡುಕಲು ಹೋಗುತ್ತೇನೆ, ಪಕ್ಕದ ಕಾಲಂನಲ್ಲಿ ಇನ್ನೇನೋ ಕಣ್ಣಿಗೆ ಬೀಳುತ್ತದೆ, ಅಲ್ಲಿಂದ ಇನ್ನೊಂದಕ್ಕೆ, ಒಲೆ ಮೇಲಿನ ಹಾಲು ಉಕ್ಕುವವರೆಗೂ ಅಲ್ಲೇ ಇರುತ್ತೇನೆ.

ದೂರದರ್ಶನದಲ್ಲಿ ಮೋಗ್ಲಿ ನೋಡಿ ಬೆಳೆದವರು ಇಲ್ಲಿ ತುಂಬಾ ಜನ ಇದ್ದೀರಿ. ಅದು ಜಪಾನಿನದು, ನಿಪ್ಪೋನ್ ಅನಿಮೇಷನ್ ಅನ್ನೋ ಸ್ಟುಡಿಯೋ 1989ರಲ್ಲಿ ಶುರು ಮಾಡಿದ 52 ಕಂತಿನ ಧಾರಾವಾಹಿ ಅಂತ ಆಗ ನಮ್ಮಲ್ಲಿ ಎಷ್ಟು ಜನರಿಗೆ ಗೊತ್ತಿತ್ತು? ಹಿಂದಿ ಹಾಡು ಕೇಳಿಕೊಂಡು ನಮ್ಮದೇ ಅಂದುಕೊಂಡಿದ್ದೆವು. ನಾನೂ ಅಷ್ಟೇ.

ಇನ್ನು ಹಳೇದು ಯಾಕೆ ಬೇಕು ಅನ್ನೋ ಮಾತಿಗೆ ಬರುತ್ತೇನೆ. ಜಪಾನಿನಲ್ಲಿ 1917ರಲ್ಲಿ ‘ನಮಾಕುರಾ ಗತಾನಾ’ ಅಂತ ಒಂದು ಪುಟ್ಟ ಅನಿಮೇಷನ್ ಚಿತ್ರ ಬಂತು. ಅಂದರೆ ಮೊಂಡು ಕತ್ತಿ. ಒಬ್ಬ ಸಮುರಾಯ್ ಹೊಸ ಕತ್ತಿ ತಂದು, ಅದರ ಹರಿತ ನೋಡೋಣ ಅಂತ ದಾರಿಯಲ್ಲಿ ಹೋಗುವವರ ಮೇಲೆ ಎರಗಿ ತಾನೇ ಒದೆ ತಿನ್ನುತ್ತಾನೆ. ಕೆಲವೇ ನಿಮಿಷದ್ದು, ಮಾಡಿದವರು ಜುನಿಚಿ ಕೋಉಚಿ. ಅದರ ಪ್ರತಿ ಕಳೆದೇ ಹೋಗಿತ್ತು. ಕೊನೆಗೆ ಒಸಾಕಾದಲ್ಲಿ ಹಳೆ ಸಾಮಾನಿನ ನಡುವೆ ಸಿಕ್ಕಿತು, 2008ರಲ್ಲಿ ಸುದ್ದಿಯಾಯಿತು. 2001ರ ಮುದ್ರಣವನ್ನು ಬರೆದಾಗ ಅದು ಇನ್ನೂ ಸಿಕ್ಕಿರಲಿಲ್ಲ. 2015ರದನ್ನು ಬರೆಯುವ ಹೊತ್ತಿಗೆ ಸಿಕ್ಕಿತ್ತು. ಎರಡನ್ನೂ ಪಕ್ಕ ಪಕ್ಕ ಇಟ್ಟುಕೊಂಡರೆ, ಆ ನಡುವಿನ ಕಾಲದಲ್ಲಿ ನಮ್ಮ ತಿಳಿವಳಿಕೆ ಎಷ್ಟು ಬದಲಾಯಿತು ಅನ್ನೋದು ಕೈಗೆ ಸಿಗುತ್ತದೆ. ಇಂಟರ್ನೆಟ್ಟಿನ ಪುಟದಲ್ಲಿ ಹಳೇದನ್ನು ಅಳಿಸಿ ಹೊಸದು ಬರೆಯುತ್ತಾರೆ. ಕೆಲವು ಸಲ ಪುಟವೇ ಹೋಗುತ್ತದೆ. ಜಪಾನಿನಲ್ಲಿ ಯಾಹೂದವರು 2019ರ ಮಾರ್ಚ್‌ನಲ್ಲಿ, ಜನ ತಮ್ಮದೇ ವೆಬ್ ಪುಟ ಕಟ್ಟಿಕೊಳ್ಳುತ್ತಿದ್ದ ಜಿಯೋಸಿಟೀಸ್ ಮುಚ್ಚಿದರು, ಅಭಿಮಾನಿಗಳು ವರ್ಷಗಟ್ಟಲೆ ಕೂತು ಕಟ್ಟಿದ್ದ ಪುಟಗಳೆಷ್ಟೋ ಅದರ ಜೊತೆಗೇ ಹೋದವು.

ನನ್ನ ಕಪಾಟಿನಲ್ಲಿ ನನಗೆ ಎಲ್ಲಕ್ಕಿಂತ ಜಾಸ್ತಿ ಇಷ್ಟ ಫ್ರೆಡರಿಕ್ ಶಾಟ್ ಅವರ ‘ಮಾಂಗಾ! ಮಾಂಗಾ!’. 1983ರದು. ಮಾಂಗಾ ಅಂದರೆ ಜಪಾನಿ ಕಾಮಿಕ್ಸ್. ಆಗ ಇಂಗ್ಲಿಷಿಗೆ ಬಂದಿದ್ದ ಮಾಂಗಾ ಬೆರಳೆಣಿಕೆಯಷ್ಟು. ಓದುಗರು ಕಣ್ಣಿಂದಲೇ ನೋಡದ ವಸ್ತುವಿನ ಬಗ್ಗೆ ಒಂದಿಡೀ ಪುಸ್ತಕ ಬರೆಯೋದು ಹೇಗೆ? ಅವರು ಮಾಡಿದ್ದು ನೋಡಿ. ಕೊನೆಯಲ್ಲಿ 96 ಪುಟ ಮಾಂಗಾವನ್ನೇ ಅನುವಾದ ಮಾಡಿ ಹಾಕಿಬಿಟ್ಟರು. ಮಾಂಗಾ ಲೋಕದ ಹಿರಿಯ ತೆಜುಕಾ ಅವರ ‘ಫೀನಿಕ್ಸ್’, ಮತ್ಸುಮೊತೊ ಅವರ ಒಂದು ಯುದ್ಧದ ಕತೆ, ರಿಯೊಕೊ ಇಕೆದಾ ಅವರ ‘ರೋಸ್ ಆಫ್ ವರ್ಸೈ’, ಕೇಜಿ ನಕಾಜಾವಾ ಅವರ ‘ಬೇರ್‌ಫೂಟ್ ಗೆನ್’. ಮುನ್ನುಡಿ ಬರೆದದ್ದು ಸ್ವತಃ ಒಸಾಮು ತೆಜುಕಾ.

ಆ ನಾಲ್ಕರ ಆಯ್ಕೆ ನೋಡಿ ನನಗೆ ಈಗಲೂ ಕೈ ಮುಗಿಯಬೇಕು ಅನ್ನಿಸುತ್ತದೆ. ಹುಡುಗಿಯರಿಗಾಗಿ ಬರೆದದ್ದು ಇದೆ, ಯುದ್ಧದ್ದು ಇದೆ, ಹಿರೋಷಿಮಾ ಇದೆ. ನಕಾಜಾವಾ ಅವರಿಗೆ ಬಾಂಬು ಬಿದ್ದಾಗ 6 ವರ್ಷ. ಶಾಲೆಯ ಕಾಂಕ್ರೀಟ್ ಗೋಡೆಯ ಮರೆಯಲ್ಲಿದ್ದುದರಿಂದ ಬದುಕಿದರು. ಅಪ್ಪ, ಅಕ್ಕ, ತಮ್ಮ ಉಳಿಯಲಿಲ್ಲ. ಅದನ್ನೇ 1973ರಿಂದ ಕಾಮಿಕ್ಸ್ ಮಾಡಿ ಹುಡುಗರ ವಾರಪತ್ರಿಕೆಯಲ್ಲಿ ಬರೆದರು. ಕಾಮಿಕ್ಸ್ ಅಂದರೆ ಚಿಕ್ಕ ಮಕ್ಕಳ ಕಾಲಕ್ಷೇಪ ಅನ್ನುವವರ ಕೈಗೆ ನಾನು ಸುಮ್ನೆ ಈ ಪುಸ್ತಕ ಕೊಡುತ್ತೇನೆ, ವಾದ ಮಾಡುವುದಿಲ್ಲ.

ಜೇಸನ್ ಥಾಂಪ್ಸನ್ ಅವರ ‘ಮಾಂಗಾ: ದಿ ಕಂಪ್ಲೀಟ್ ಗೈಡ್’ ಕೂಡ ಬೇಕಾದದ್ದೇ. 2007ರದು. 900ಕ್ಕೂ ಹೆಚ್ಚು ಸರಣಿಗಳ ವಿಮರ್ಶೆ, ನಾಲ್ಕಕ್ಕೆ ಇಷ್ಟು ನಕ್ಷತ್ರ ಅಂತ ಲೆಕ್ಕ, ಯಾವ ವಯಸ್ಸಿನವರಿಗೆ ಅನ್ನೋದೂ ಇದೆ. ಅಪ್ಪ ಅಮ್ಮಂದಿರಿಗೆ ಇದು ನಿಜವಾಗಿಯೂ ಉಪಯೋಗ, ಯಾಕೆಂದರೆ ಹೊರಗಿನ ಚಿತ್ರ ನೋಡಿ ಮಾಂಗಾದ ಒಳಗೆ ಏನಿದೆ ಅಂತ ಹೇಳಲು ಆಗಲ್ಲ. ಚೆನ್ನಾಗಿಲ್ಲದ್ದನ್ನು ಚೆನ್ನಾಗಿಲ್ಲ ಅಂತ ನೇರವಾಗಿ ಬರೆದಿದ್ದಾರೆ. ಓದಿ, ಯೋಚನೆ ಮಾಡಿ, ಹೆಸರು ಹಾಕಿ ಬರೆದ ಮಾತಿಗೆ ಬೆಲೆ ಬೇರೆ. ಒಪ್ಪದಿದ್ದರೆ ಜಗಳವಾದರೂ ಆಡಬಹುದು. ಕ್ಲೆಮೆಂಟ್ಸ್ ಮತ್ತು ಮೆಕಾರ್ಥಿ ಅವರ ಎನ್‌ಸೈಕ್ಲೋಪೀಡಿಯಾದ ಅಂಚಿನಲ್ಲಿ ನಾನು ಪೆನ್ಸಿಲಿನಲ್ಲಿ ಎಷ್ಟು ಕಡೆ "ಇಲ್ಲ, ಇಲ್ಲ" ಅಂತ ಬರೆದಿದ್ದೇನೋ ಲೆಕ್ಕವಿಲ್ಲ. ಆ ಜಗಳದಿಂದಲೇ ನನ್ನ ರುಚಿ ಯಾವುದು ಅಂತ ನನಗೆ ಗೊತ್ತಾಯಿತು.

ತೊಂದರೆ ಇಲ್ಲವೇ ಅಂದರೆ ಇದೆ. ಎನ್‌ಸೈಕ್ಲೋಪೀಡಿಯಾದಲ್ಲಿ ಇಂಗ್ಲಿಷ್ ಹೆಸರಿನ ಪ್ರಕಾರ ಜೋಡಿಸಿದ್ದಾರೆ, ಜಪಾನಿ ಹೆಸರು ಮಾತ್ರ ಗೊತ್ತಿರುವವರು ಹಿಂದಿನ ಸೂಚಿಗೆ ಹೋಗಿ ಬರಬೇಕು. ತಪ್ಪುಗಳೂ ಇರುತ್ತವೆ. ಬೆಲೆ ಜಾಸ್ತಿ. ಇವತ್ತು ಬರುತ್ತಿರುವ ಅನಿಮೆಯ ಪ್ರವಾಹವನ್ನು ಒಂದು ಪುಸ್ತಕದಲ್ಲಿ ಹಿಡಿಯೋದು ಕಷ್ಟ, ಅದೂ ನಿಜ. ಹೊಸ ಸೀಸನ್ ಯಾವಾಗ ಅಂತ ನಾನೂ ಫೋನಲ್ಲೇ ನೋಡುತ್ತೇನೆ.

ಮೊನ್ನೆ ಭಾನುವಾರ ಹುಡುಗ ಮತ್ತೆ ಬಂದಿದ್ದ. ‘ಗಂಡಮ್’ ಹಾಕಿಕೊಂಡು ಕೂತಿದ್ದ, ಹೆಸರುಗಳು ಬರುವಾಗ ನಿಲ್ಲಿಸಿ "ಈ ಯತಾತೆ ಯಾರು ಗೊತ್ತಾ?" ಅಂದೆ. ಗೊತ್ತಿಲ್ಲ ಅಂದ. ನಾನು ಹೇಳಲಿಲ್ಲ, 2001ರ ಪುಸ್ತಕ ಕೈಗೆ ಕೊಟ್ಟೆ. ಸಂಜೆ ಹೊರಡುವಾಗ ಅದು ಅವನ ಬ್ಯಾಗಿನಲ್ಲಿತ್ತು. ಅಂಚಿನಲ್ಲಿ ಬರೆಯೋದಾದರೆ ಪೆನ್ಸಿಲಿನಲ್ಲೇ ಬರಿ ಅಂತ ಹೇಳಿ ಕಳಿಸಿದ್ದೇನೆ.

ಒಂದು ಕೋರಿಕೆ ಇದೆ. ಹೆಲೆನ್ ಮೆಕಾರ್ಥಿ 1993ರಲ್ಲಿ ಬರೆದ ‘ಅನಿಮೆ! ಎ ಬಿಗಿನರ್ಸ್ ಗೈಡ್’ ನನ್ನ ಹತ್ತಿರ ಇಲ್ಲ. ಚರ್ಚ್ ಸ್ಟ್ರೀಟಿನ ಹಳೆ ಪುಸ್ತಕಗಳ ಕಡೆ ಹೋದಾಗಲೆಲ್ಲ ಹುಡುಕುತ್ತೇನೆ, ಸಿಕ್ಕಿಲ್ಲ. ನಿಮ್ಮ ಯಾರ ಮನೆಯಲ್ಲಾದರೂ ಇದ್ದರೆ ಒಂದು ಮೆಸೇಜ್ ಹಾಕಿ. ಮಾರಬೇಡಿ, ನಾನೇ ನಿಮ್ಮೂರಿಗೆ ಬಂದು ಕೂತು ಓದಿ ವಾಪಸ್ ಕೊಡುತ್ತೇನೆ.